ಅರಮನೆಗೆ ನುಗ್ಗುವ ಆ ಚಿತ್ರ 1917ರದ್ದಲ್ಲ

ಸಂಪಾದಕರಿಗೆ,

ಮಾನ್ಯರೇ,

ನಿಮ್ಮ ಭಾನುವಾರದ ಪುರವಣಿಯಲ್ಲಿ ರಷ್ಯಾ ಕ್ರಾಂತಿಯ ಲೇಖನದ ಜೊತೆಗೆ ಅರ್ಧ ಪುಟದ ಚಿತ್ರವೊಂದಿತ್ತು. ‘1917: ಚಳಿಗಾಲದ ಅರಮನೆಗೆ ಜನರ ಲಗ್ಗೆ, ಕ್ಯಾಮೆರಾ ಕಣ್ಣಿಗೆ ಸಿಕ್ಕ ಅಪರೂಪದ ಕ್ಷಣ’ ಎಂದು ಅಡಿಬರಹ. ಆ ಕ್ಷಣ ಯಾವ ಕ್ಯಾಮೆರಾ ಕಣ್ಣಿಗೂ ಸಿಕ್ಕಿಲ್ಲ. ನೀವು ಅಚ್ಚು ಹಾಕಿದ್ದು 1920ರ ನವೆಂಬರ್ 7ರಂದು, ಕ್ರಾಂತಿಯ ಮೂರನೇ ವಾರ್ಷಿಕೋತ್ಸವಕ್ಕೆ, ಪೆಟ್ರೊಗ್ರಾಡಿನ (ಇಂದಿನ ಸೇಂಟ್ ಪೀಟರ್ಸ್‌ಬರ್ಗ್) ಅದೇ ಅರಮನೆ ಚೌಕದಲ್ಲಿ ನಿಕೊಲಾಯ್ ಎವ್ರೆಯಿನೊವ್ ಆಡಿಸಿದ ಬಯಲು ರೂಪಕದ ಫೋಟೊ. ಪಾತ್ರಧಾರಿಗಳೇ ಸಾವಿರಾರು ಮಂದಿ. ನೋಡಲು ಬಂದವರು ಅದಕ್ಕೂ ಎಷ್ಟೋ ಪಾಲು ಹೆಚ್ಚು. ನಿರ್ದೇಶಕ ನಿಂತು ಸೂಚನೆ ಕೊಡುತ್ತಿದ್ದ ಅಟ್ಟಣಿಗೆಯನ್ನೂ ಸುತ್ತ ನಿಂತ ಪ್ರೇಕ್ಷಕರನ್ನೂ ಆಮೇಲೆ ತಿದ್ದಿ ಅಳಿಸಿದರು. ಉಳಿದದ್ದು ನಿಜವಾದ ಲಗ್ಗೆಯ ಚಿತ್ರವೆಂದು ದೇಶದೇಶಗಳ ಪಠ್ಯಪುಸ್ತಕಗಳಿಗೆ ಹೋಯಿತು. ಹಾಗಾಗಿ ಈ ತಪ್ಪಿನಲ್ಲಿ ನಿಮಗೆ ಜೊತೆಗಾರರು ಬಹಳ ಇದ್ದಾರೆ. ‘ಲಗ್ಗೆಯ ರೂಪಕ, ಪೆಟ್ರೊಗ್ರಾಡ್, 1920’ ಎಂದಿದ್ದರೆ ಸಾಕಿತ್ತು, ಚಿತ್ರದ ಕಿಮ್ಮತ್ತು ಒಂದಿಷ್ಟೂ ಕಡಿಮೆಯಾಗುತ್ತಿರಲಿಲ್ಲ.

ಒಳಪುಟದಲ್ಲಿ ಕಬ್ಬಿಣದ ಗೇಟು ಹತ್ತುತ್ತಿರುವ ಸೈನಿಕರ ಇನ್ನೊಂದು ಚಿತ್ರವಿದೆ. ಅದು ಕ್ರಾಂತಿಯ ಹತ್ತನೇ ವರ್ಷಕ್ಕೆಂದು ಸೆರ್ಗೆಯ್ ಐಸೆನ್‌ಸ್ಟೈನ್ 1927ರಲ್ಲಿ ಚಿತ್ರೀಕರಿಸಿದ ‘ಅಕ್ಟೋಬರ್’ ಎಂಬ ಕಥಾಚಿತ್ರದ್ದು. ಅದೇ ವರ್ಷ ಅದೇ ಊರಿನಲ್ಲಿ ಇನ್ನೊಬ್ಬ ನಿರ್ದೇಶಕ ಪುದೊವ್ಕಿನ್ ಕೂಡ ಅದೇ ವಿಷಯದ ಮೇಲೆ ಚಿತ್ರ ತೆಗೆದರು. ಇವೆರಡರ ತುಣುಕುಗಳು ಇವತ್ತಿನ ಟಿವಿ ಕಾರ್ಯಕ್ರಮಗಳಲ್ಲಿ ‘ಅಂದಿನ ದೃಶ್ಯ’ಗಳಾಗಿ ಓಡಾಡುತ್ತಿವೆ.

ಇದನ್ನು ಬರಿಯ ತಪ್ಪೊಪ್ಪು ಮಾಡಲೆಂದು ಬರೆಯುತ್ತಿಲ್ಲ. ಹಳೆಯ ಸುದ್ದಿಚಿತ್ರಗಳು ಒಂದು ಕ್ರಾಂತಿಗೆ ಎಷ್ಟರ ಮಟ್ಟಿಗೆ ಸಾಕ್ಷಿ, ಎಲ್ಲಿ ಸಾಕ್ಷಿಯಲ್ಲ ಎಂಬುದು ಫಿಲ್ಮಿನ ಗುಣದಲ್ಲೇ ಅಡಗಿದೆ. ಅದು ತಿಳಿದರೆ ಓದುಗರೇ ಅರ್ಧ ಪರೀಕ್ಷೆ ಮಾಡಬಹುದು. ನಮ್ಮ ದಾವಣಗೆರೆ, ಚಿತ್ರದುರ್ಗ ಜಿಲ್ಲೆಗಳಲ್ಲಿ ಈಗ ತಯಾರಾಗುತ್ತಿರುವ ವಿಡಿಯೊಗಳಿಗೂ ಈ ಮಾತು ಅನ್ವಯಿಸುತ್ತದೆ.

ಮೊದಲು ಬೆಳಕಿನ ಲೆಕ್ಕ ನೋಡೋಣ. ಪೆಟ್ರೊಗ್ರಾಡಿನಲ್ಲಿ ಅಧಿಕಾರ ಕೈಬದಲಾದದ್ದು ಈಗಿನ ಕ್ಯಾಲೆಂಡರಿನಂತೆ ನವೆಂಬರ್ 7ರ ರಾತ್ರಿ. ‘ಅರೋರಾ’ ಎಂಬ ಬಂಡುಕೋರರ ಯುದ್ಧನೌಕೆ ಖಾಲಿ ತೋಪು ಹಾರಿಸಿದ್ದು ರಾತ್ರಿ 9 ದಾಟಿದ ಮೇಲೆ. ಅರಮನೆಯೊಳಗೆ ಹಂಗಾಮಿ ಸರ್ಕಾರದ ಮಂತ್ರಿಗಳನ್ನು ಹಿಡಿದದ್ದು ನಡುರಾತ್ರಿ 2ರ ಸುಮಾರಿಗೆ. ಆ ಉತ್ತರದ ಊರಿನಲ್ಲಿ ಆ ತಿಂಗಳು ಸಂಜೆ 5 ಆಗುವುದರೊಳಗೇ ಸೂರ್ಯ ಮುಳುಗಿರುತ್ತಾನೆ. ಆ ಕಾಲದ ನೆಗೆಟಿವ್ ಫಿಲ್ಮಿನ ಗ್ರಹಣಶಕ್ತಿ ಇಂದಿನ ಅಳತೆಯಲ್ಲಿ ಸುಮಾರು ಐಎಸ್‌ಒ 20ರ ಆಸುಪಾಸು (ಈ ಸಂಖ್ಯೆ ಕಡಿಮೆಯಾದಷ್ಟೂ ಬೆಳಕು ಹೆಚ್ಚು ಬೇಕು). ಲೆನ್ಸು ಎಷ್ಟು ತೆರೆದರೂ ಎಫ್ 3.5ರ ಸುತ್ತಮುತ್ತ. ಸೆಕೆಂಡಿಗೆ 16 ಫ್ರೇಮು ಓಡಿಸಿದರೆ, ಅರ್ಧ ಹೊತ್ತು ಷಟರು ಮುಚ್ಚಿರುವುದರಿಂದ, ಒಂದೊಂದು ಫ್ರೇಮಿಗೆ ಸಿಗುವ ಸಮಯ ಸೆಕೆಂಡಿನ 32ನೇ ಒಂದು ಪಾಲು. ಈ ಮೂರನ್ನೂ ಸೇರಿಸಿ ಲೆಕ್ಕ ಹಾಕಿದರೆ ಮೋಡ ಕವಿದ ಹಗಲಿಗೆ ಹೇಗೋ ಸಾಕಾಗುತ್ತದೆ. ಬೀದಿದೀಪದಡಿ ಬೇಕಾದ ಬೆಳಕಿನ ನೂರನೇ ಒಂದು ಪಾಲೂ ಒದಗದು. ನಡುರಾತ್ರಿಯ ಲಗ್ಗೆ ಚಿತ್ರದಲ್ಲಿ ಸ್ಪಷ್ಟವಾಗಿ ಕಾಣುತ್ತಿದೆಯೆಂದರೆ ಒಂದೋ ಅಲ್ಲಿ ದೊಡ್ಡ ದೀಪಗಳನ್ನು ತಂದು ನಿಲ್ಲಿಸಿದ್ದಾರೆ, ಇಲ್ಲವೇ ಹಗಲಲ್ಲಿ ತೆಗೆದಿದ್ದಾರೆ. ಎರಡೂ ಪಕ್ಷದಲ್ಲಿ ಅದು ಆ ರಾತ್ರಿಯದ್ದಲ್ಲ.

ಹೀಗಾಗಿ ಆರಂಭದ ಸುದ್ದಿಚಿತ್ರಗಳಲ್ಲಿ ಕ್ರಾಂತಿಯೆಂದರೆ ಮೆರವಣಿಗೆ, ಬಯಲಿನ ಭಾಷಣ, ಶವಯಾತ್ರೆ, ಮತ್ತು ಎಲ್ಲ ಮುಗಿದ ಮರುದಿನದ ಮುರಿದ ಗೋಡೆ. ಅಂದರೆ ಹಗಲಿನಲ್ಲಿ, ತೆರೆದ ಜಾಗದಲ್ಲಿ, ಮುಂಚಿತವಾಗಿ ಗೊತ್ತಾಗಿರುವ ಸಂಗತಿ. ಅದೇ 1917ರಲ್ಲಿ ಜಾರ್ ಚಕ್ರವರ್ತಿಯನ್ನು ಇಳಿಸಿದ ಫೆಬ್ರವರಿ ಕ್ರಾಂತಿಯಲ್ಲಿ ಸತ್ತವರನ್ನು ಪೆಟ್ರೊಗ್ರಾಡಿನ ಮಾರ್ಸ್ ಮೈದಾನದಲ್ಲಿ ಮಣ್ಣು ಮಾಡಿದ ದೃಶ್ಯ ಚೆನ್ನಾಗಿ ದಾಖಲಾಗಿದೆ, ಏಕೆಂದರೆ ಅದಕ್ಕೆ ದಿನ ಗೊತ್ತು ಮಾಡಿದ್ದರು, ಕ್ಯಾಮೆರಾದವರಿಗೆ ಮೊದಲೇ ಹೋಗಿ ಎತ್ತರದ ಜಾಗ ಹಿಡಿಯಲು ಪುರಸೊತ್ತಿತ್ತು. ಅಧಿಕಾರ ಕೈಬದಲಾದ ಕೋಣೆಯೊಳಗೆ ಕ್ಯಾಮೆರಾ ಇರಲಿಲ್ಲ. ಇದು ದಾಖಲೆಯ ದೋಷವೆಂದು ನಾವು ಹೇಳುವುದಿಲ್ಲ. ಅದರ ಎಲ್ಲೆ ಅಷ್ಟೇ. ಎಲ್ಲೆ ದಾಟಿದ ದೃಶ್ಯ ಕಂಡಾಗ ಸಂಶಯ ಪಡಬೇಕು.

ಕ್ಯಾಮೆರಾ ಎಲ್ಲಿ ನಿಂತಿದೆ ಎಂಬುದು ಎರಡನೇ ಪರೀಕ್ಷೆ. ಆಗಿನ ಕ್ಯಾಮೆರಾ ಮರದ ಅಥವಾ ಲೋಹದ ಪೆಟ್ಟಿಗೆ, ಮೂರುಕಾಲಿನ ಸ್ಟ್ಯಾಂಡಿನ ಮೇಲೆ. ಫಿಲ್ಮು ಓಡಿಸಲು ಒಂದು ಕೈ ಹಿಡಿಕೆ ತಿರುಗಿಸಬೇಕು. ಪೆಟ್ಟಿಗೆಯನ್ನು ಪಕ್ಕಕ್ಕೆ ಹೊರಳಿಸಲು ಇನ್ನೊಂದು ಕೈ ಇನ್ನೊಂದು ಹಿಡಿಕೆ ತಿರುಗಿಸಬೇಕು. ಎರಡೂ ಕೈ ಬೇರೆಬೇರೆ ಲಯದಲ್ಲಿ ನಡೆಯಬೇಕಾದ್ದರಿಂದ ನಿಜವಾದ ದೃಶ್ಯದಲ್ಲಿ ಹೊರಳಿಕೆ ತಡವರಿಸುತ್ತದೆ, ಜನ ಚೌಕಟ್ಟಿನಾಚೆ ಹೋದ ಮೇಲೆ ಕ್ಯಾಮೆರಾ ಅವರ ಹಿಂದೆ ಹೋಗುತ್ತದೆ. ಯಾರದೋ ತಲೆ ಅಡ್ಡ ಬರುತ್ತದೆ. ಹುಡುಗರು ಲೆನ್ಸನ್ನೇ ದಿಟ್ಟಿಸಿ ನೋಡುತ್ತಾರೆ, ದೊಡ್ಡವರೂ ನೋಡುತ್ತಾರೆ. ಗುಂಡು ಹಾರಿದರೆ ಚಿತ್ರ ಅಲ್ಲಿಗೇ ತುಂಡಾಗುತ್ತದೆ. ನಾಟಕದಲ್ಲಾದರೆ ಬಾಗಿಲು ಒಡೆಯುವ ಮೊದಲೇ ಕ್ಯಾಮೆರಾ ಬಾಗಿಲ ಒಳಗೆ ಕಾದು ಕೂತಿರುತ್ತದೆ. ಓಡಿ ಬರುವವನ ಮುಖವನ್ನು ಎದುರಿನಿಂದ, ಅವನ ಬೆನ್ನನ್ನು ಹಿಂದಿನಿಂದ, ಒಂದೇ ಓಟದ ಎರಡು ಮಗ್ಗುಲಿನಿಂದ ತೋರಿಸುತ್ತದೆ. ಶತ್ರುವಿನ ಕೋವಿಗೆ ಬೆನ್ನು ಕೊಟ್ಟು ನಿಂತು ಚಿತ್ರ ತೆಗೆಯುವ ಧೈರ್ಯಶಾಲಿ ಇದ್ದಾನೆಂದು ನಂಬುವುದಕ್ಕಿಂತ ಎದುರಿನ ಕೋವಿಯಲ್ಲಿ ಗುಂಡಿಲ್ಲವೆಂದು ನಂಬುವುದು ಸುಲಭ.

ಇಂಥ ನಾಟಕಗಳು ರಷ್ಯಾಕ್ಕಿಂತ ಮುಂಚೆಯೇ ಇದ್ದವು. 1898ರ ಸ್ಪೇನ್–ಅಮೆರಿಕ ನೌಕಾಯುದ್ಧವನ್ನು ನ್ಯೂಯಾರ್ಕಿನಲ್ಲಿ ನೀರಿನ ತೊಟ್ಟಿಯಲ್ಲಿ ಕಾಗದದ ಹಡಗು ತೇಲಿಸಿ, ಚುರುಟಿನ ಹೊಗೆ ಬಿಟ್ಟು ತೆಗೆದು ಜನರಿಗೆ ತೋರಿಸಿದ್ದುಂಟು. ಮೆಕ್ಸಿಕೊ ಕ್ರಾಂತಿಯ ವಿಷಯದಲ್ಲಿ ಮಾತ್ರ ತಪ್ಪು ತಿರುವುಮುರುವಾಗಿದೆ. ಅಲ್ಲಿನ ಬಂಡುಕೋರ ನಾಯಕ ಪಾಂಚೊ ವಿಯಾ 1914ರ ಜನವರಿಯಲ್ಲಿ ಅಮೆರಿಕದ ಮ್ಯೂಚುಯಲ್ ಫಿಲ್ಮ್ ಕಂಪನಿಯ ಜೊತೆ ಕರಾರು ಮಾಡಿಕೊಂಡಿದ್ದು ನಿಜ, ಗಳಿಕೆಯಲ್ಲಿ ಶೇ 20 ಪಾಲು ಅವನದೆಂದು ಒಪ್ಪಿದ್ದೂ ನಿಜ. ಆದರೆ ‘ಕ್ಯಾಮೆರಾಕ್ಕೆ ಬೆಳಕು ಬೇಕೆಂದು ಹಗಲಿನಲ್ಲೇ ಯುದ್ಧ ಮಾಡುತ್ತೇನೆ’ ಎಂದು ಅವನು ಬರೆದುಕೊಟ್ಟ ಎಂಬುದು ಸುಳ್ಳು. ಮೂಲ ಕರಾರುಪತ್ರ ಮೆಕ್ಸಿಕೊ ನಗರದ ಸಂಗ್ರಹವೊಂದರಲ್ಲಿ ಸಿಕ್ಕಿದಾಗ ಅಂಥ ಷರತ್ತು ಅದರಲ್ಲಿರಲಿಲ್ಲ. ಅದೇ ದೇಶದ ಆಲ್ವಾ ಸಹೋದರರು 1912ರಲ್ಲಿ ಓರೊಸ್ಕೊನ ಬಂಡಾಯವನ್ನು ಚಿತ್ರಿಸುವಾಗ ಸರ್ಕಾರಿ ಸೇನೆಯ ಕಡೆಗೂ ಬಂಡುಕೋರರ ಕಡೆಗೂ ಕ್ಯಾಮೆರಾ ಇಟ್ಟರು, ಗೆದ್ದವರಾರೆಂದು ಹೇಳದೆ ಚಿತ್ರ ಮುಗಿಸಿದರು. ಸುದ್ದಿಚಿತ್ರದ ಸಂಯಮಕ್ಕೆ ಇದಕ್ಕಿಂತ ಒಳ್ಳೆಯ ಮಾದರಿ ನಮಗೆ ಕಾಣದು. ವಿಯಾನ ಕಟ್ಟುಕತೆ ಗೊತ್ತಿರುವವರಲ್ಲಿ ನೂರಕ್ಕೆ ಒಬ್ಬರಿಗೂ ಆಲ್ವಾ ಸಹೋದರರ ಹೆಸರು ಗೊತ್ತಿರುವುದಿಲ್ಲ.

ಇನ್ನು ವೇಗ. ಹಳೆಯ ಚಿತ್ರಗಳಲ್ಲಿ ಲೆನಿನ್ ಆಗಲಿ ಗಾಂಧೀಜಿ ಆಗಲಿ ಪುಟುಪುಟು ಹೆಜ್ಜೆ ಹಾಕಿ ಓಡಿದಂತೆ ಕಾಣುತ್ತಾರಲ್ಲ, ಅವರು ಹಾಗೆ ನಡೆದದ್ದಲ್ಲ. 35 ಎಂಎಂ ಫಿಲ್ಮಿನಲ್ಲಿ ಅಡಿಗೆ 16 ಫ್ರೇಮು. ಹಿಡಿಕೆ ಒಂದು ಸುತ್ತು ತಿರುಗಿದರೆ 8 ಫ್ರೇಮು ಓಡುತ್ತದೆ, ಸೆಕೆಂಡಿಗೆ ಎರಡು ಸುತ್ತು ತಿರುಗಿಸುವುದು ರೂಢಿ. ಅಲ್ಲಿಗೆ ಸೆಕೆಂಡಿಗೆ ಒಂದು ಅಡಿ. 1,000 ಅಡಿಯ ಸುರುಳಿ ಹೀಗೆ 16 ನಿಮಿಷ 40 ಸೆಕೆಂಡು ನಡೆಯಬೇಕು. ಮಾತಿನ ಚಿತ್ರ ಬಂದ ಮೇಲೆ ವೇಗ 24 ಫ್ರೇಮಿಗೆ ಗಟ್ಟಿಯಾಯಿತು. ಅದೇ ಸುರುಳಿಯನ್ನು ಹೊಸ ಪ್ರೊಜೆಕ್ಟರಿಗೆ ಹಾಕಿದರೆ 11 ನಿಮಿಷ ಚಿಲ್ಲರೆಗೆ ಮುಗಿದುಹೋಗುತ್ತದೆ, ಎಲ್ಲರೂ ಒಂದೂವರೆ ಪಟ್ಟು ವೇಗದಲ್ಲಿ ಕುಣಿಯುತ್ತಾರೆ. ಸರಿಯಾದ ವೇಗ ಹುಡುಕಲು ಸುಲಭ ದಾರಿಯಿದೆ: ನೆಟ್ಟಗೆ ನಡೆಯುತ್ತಿರುವ ಒಬ್ಬನನ್ನು ಆರಿಸಿ ಹೆಜ್ಜೆ ಎಣಿಸಿ. ದೊಡ್ಡವರ ಸಾಮಾನ್ಯ ನಡಿಗೆ, ಸೈನಿಕರ ಕವಾಯತು ನಡಿಗೆ ಎರಡೂ ನಿಮಿಷಕ್ಕೆ 110–120 ಹೆಜ್ಜೆಯ ಸುತ್ತ ಇರುತ್ತದೆ. 170 ಬಂದರೆ ಯಾರೋ 16ನ್ನು 24ರಲ್ಲಿ ಓಡಿಸಿದ್ದಾರೆ. ಆದರೆ ಹಿಡಿಕೆ ತಿರುಗಿಸುವುದು ಮನುಷ್ಯನ ಕೈ. ಗಲಾಟೆ ಕಂಡಾಗ ಕೈ ಚುರುಕಾಗುತ್ತದೆ, ಆಗ ದೃಶ್ಯ ನಿಧಾನವಾಗುತ್ತದೆ; ಫಿಲ್ಮು ಮುಗಿಯುತ್ತಾ ಬಂದಾಗ ಉಳಿಸಲೆಂದು ಕೈ ನಿಧಾನವಾಗುತ್ತದೆ, ಆಗ ದೃಶ್ಯ ಓಡುತ್ತದೆ. ಆದ್ದರಿಂದ ಇಡೀ ಸುರುಳಿಗೆ ಒಂದೇ ವೇಗ ಹಾಕಿ ಕೂರುವಂತಿಲ್ಲ. ಪ್ರತಿ ದೃಶ್ಯಕ್ಕೂ ಹೆಜ್ಜೆ ಎಣಿಸಬೇಕು.

ಹಿಂದೆ ಟಿವಿಯವರು ಇದಕ್ಕೆ ಪ್ರತಿ ಎರಡನೇ ಫ್ರೇಮನ್ನು ಎರಡು ಸಲ ಅಚ್ಚು ಹಾಕಿ 16ನ್ನು 24 ಮಾಡುತ್ತಿದ್ದರು. ನಡಿಗೆ ಸರಿಹೋದರೂ ತಡೆದು ತಡೆದು ಮುಗ್ಗರಿಸಿದಂತೆ ಕಾಣುತ್ತದೆ. ಈಗಿನ ಚಾಳಿ ಇನ್ನೂ ಕೆಟ್ಟದ್ದು. ಕಂಪ್ಯೂಟರಿಗೆ ಹೇಳಿ ಎರಡು ಫ್ರೇಮಿನ ನಡುವೆ ಇಲ್ಲದ ಫ್ರೇಮು ಹುಟ್ಟಿಸಿ ಸೆಕೆಂಡಿಗೆ 60 ಮಾಡುತ್ತಾರೆ, ಮುಖಗಳನ್ನು ‘ಚೊಕ್ಕಟ’ ಮಾಡುತ್ತಾರೆ, ಬಣ್ಣ ಬಳಿಯುತ್ತಾರೆ. ಗುಂಪಿನಲ್ಲಿ ಹತ್ತು ಚುಕ್ಕಿಯಷ್ಟಿದ್ದ ಮುಖಕ್ಕೆ ಕಂಪ್ಯೂಟರು ಕೊಟ್ಟ ಕಣ್ಣುಮೂಗು ಯಾರದೂ ಅಲ್ಲ. ಆ ಮುಖ ನೋಡಿ ‘ಇವರು ನಮ್ಮ ಅಜ್ಜ’ ಎಂದು ಗುರುತಿಸಿದರೆ ಅದನ್ನು ಸಾಕ್ಷಿಯೆನ್ನಲಾಗದು.

ಬಣ್ಣದ ಮಾತು ಬಂದದ್ದರಿಂದ ಇದನ್ನೂ ಹೇಳಬೇಕು. 1920ರ ದಶಕದ ನಡುವಿನವರೆಗೂ ಎಲ್ಲೆಡೆ ಬಳಕೆಯಲ್ಲಿದ್ದ ಆರ್ಥೊಕ್ರೊಮ್ಯಾಟಿಕ್ ಫಿಲ್ಮಿಗೆ ಕೆಂಪು ಕಾಣುವುದೇ ಇಲ್ಲ. ಕೆಂಪು ಬಾವುಟ ಅದರಲ್ಲಿ ಕಪ್ಪಾಗಿ ಬೀಳುತ್ತದೆ, ನೀಲಿ ಆಕಾಶ ಬೆಳ್ಳಗೆ ಬೋಳಾಗುತ್ತದೆ. 1917–18ರ ನಿಜವಾದ ಸುದ್ದಿಚಿತ್ರಗಳಲ್ಲಿ ಲೆನಿನ್ ಪಕ್ಷದ ಬೋಲ್ಶೆವಿಕರ ಬಾವುಟಗಳು ಕರಿಬಾವುಟಗಳಂತೆ ಕಾಣಲು ಇದೇ ಕಾರಣ. ಐಸೆನ್‌ಸ್ಟೈನ್ 1925ರ ‘ಬ್ಯಾಟಲ್‌ಷಿಪ್ ಪೊಟೆಮ್ಕಿನ್’ನಲ್ಲಿ ಬಾವುಟ ಕೆಂಪಾಗಿ ಕಾಣಲೆಂದು ಬಿಳಿ ಬಾವುಟ ಹಾರಿಸಿ ಚಿತ್ರ ತೆಗೆದು, ಆಮೇಲೆ ಪ್ರಿಂಟಿನ ಮೇಲೆ ಫ್ರೇಮು ಫ್ರೇಮಿಗೂ ಕೈಯಿಂದ ಕೆಂಪು ಹಚ್ಚಿಸಿದರು. ಕಪ್ಪು-ಬಿಳುಪಿನ ಛಾಯೆ ನೋಡಿ ಬಣ್ಣ ಊಹಿಸುವ ಯಂತ್ರಕ್ಕೆ ಈ ಗುಟ್ಟು ಗೊತ್ತಿರುವುದಿಲ್ಲ. ಕೆಂಪನ್ನು ಕಪ್ಪೆಂದೇ ಬಗೆದು ಮುಂದೆ ಹೋಗುತ್ತದೆ. ಆ ಕಾಲದ ಚಿತ್ರಕ್ಕೆ ಗುಂಡಿನ ಸದ್ದು, ಘೋಷಣೆ, ಬೂಟಿನ ಸದ್ದು ಕೇಳಿಸಿದರೆ ಎಲ್ಲವೂ ಆಮೇಲೆ ಸೇರಿಸಿದ್ದು ಎಂದು ಬೇರೆ ಹೇಳಬೇಕಿಲ್ಲ. ಸದ್ದಿನ ಪಟ್ಟಿಗೆ ಜಾಗ ಮಾಡಲು ಮೂಕಿ ಫ್ರೇಮಿನ ಎಡಗಡೆಯ ಒಂದು ಪಟ್ಟಿಯನ್ನೇ ಕತ್ತರಿಸಿದ ಪ್ರಿಂಟುಗಳು ಬೇಕಾದಷ್ಟಿವೆ. ಮಾತಾಡುವವನು ಚೌಕಟ್ಟಿನ ನಡುವೆ ಇರದೆ ಎಡಕ್ಕೆ ಒತ್ತಿಕೊಂಡಿದ್ದರೆ ಅಂಥ ಪ್ರಿಂಟೇ ಇರಬಹುದು.

ಸಂಕಲನದ ವಿಷಯಕ್ಕೆ ಬರೋಣ, ಏಕೆಂದರೆ ಕ್ರಾಂತಿಯ ದಾಖಲೆ ಉಳಿದದ್ದೂ ಅಳಿದದ್ದೂ ಸಂಕಲನದ ಮೇಜಿನ ಮೇಲೆಯೇ. ರಷ್ಯಾದ ನಿರ್ದೇಶಕ ಜಿಗಾ ವೆರ್ತೊವ್ 1918ರಲ್ಲಿ ‘ಕಿನೊ ನೆದೆಲ್ಯಾ’ ಎಂಬ ವಾರದ ಸುದ್ದಿಚಿತ್ರದಲ್ಲಿ ಕೆಲಸಕ್ಕೆ ಸೇರಿದಾಗ ಇನ್ನೂ 22ರ ಹುಡುಗ. ಒಟ್ಟು 43 ಸಂಚಿಕೆ ಬಂದವು. ಆಗ ರಷ್ಯಾದಲ್ಲಿ ಹಸಿ ಫಿಲ್ಮು ತಯಾರಾಗುತ್ತಿರಲಿಲ್ಲ, ಎಲ್ಲ ಹೊರಗಿನಿಂದ ಬರಬೇಕು. ಯುದ್ಧ ಮತ್ತು ದಿಗ್ಬಂಧನದಿಂದ ಅದೂ ನಿಂತಿತು. ಸಿನಿಮಾ ಸಾಮಾನು ತರುತ್ತೇನೆಂದು ಅಮೆರಿಕಕ್ಕೆ ಹೋದ ದಲ್ಲಾಳಿ ಜಾಕ್ ಸಿಬ್ರಾರಿಯೊ ಹತ್ತು ಲಕ್ಷ ಡಾಲರಿನ ಖಾತೆಗೆ ಕನ್ನ ಹಾಕಿದ. ನಿರ್ದೇಶಕ ಕುಲೆಶೋವ್ ಅವರ ಶಿಷ್ಯರು ಫಿಲ್ಮೇ ಇಲ್ಲದೆ ‘ಸಿನಿಮಾ’ ಅಭ್ಯಾಸ ಮಾಡಿದ್ದು ಈ ಬರಗಾಲದಲ್ಲೇ. ಹೀಗಿರುವಾಗ ಹಳೆಯ ಸಂಚಿಕೆಯ ತುಂಡನ್ನೇ ಕತ್ತರಿಸಿ ಹೊಸದಕ್ಕೆ ಅಂಟಿಸುವುದು ಅನಿವಾರ್ಯವಾಯಿತು. ವೆರ್ತೊವ್ 1918ರ ನವೆಂಬರಿಗೆ ‘ಕ್ರಾಂತಿಯ ವಾರ್ಷಿಕೋತ್ಸವ’ ಎಂಬ ಉದ್ದನೆಯ ಚಿತ್ರ ಕಟ್ಟಿದ್ದು ಹಾಗೆಯೇ. ಮುಂದೆ ಆ ಚಿತ್ರವನ್ನೂ ಬಿಚ್ಚಿ ಬೇರೆ ಚಿತ್ರಗಳಿಗೆ ಹಾಕಿಕೊಂಡರು. ಸುಮಾರು ನೂರು ವರ್ಷ ಅದು ಇಡಿಯಾಗಿ ಎಲ್ಲೂ ಇರಲಿಲ್ಲ. ನಡುನಡುವೆ ಬರುವ ಬರಹದ ಫಲಕಗಳ ಪಟ್ಟಿ ಕಾಗದದ ರೂಪದಲ್ಲಿ ದಫ್ತರದಲ್ಲಿ ಸಿಕ್ಕಿತು. ಸಿನಿಮಾ ಇತಿಹಾಸಕಾರ ನಿಕೊಲಾಯ್ ಇಜ್ವೊಲೊವ್ ಆ ಪಟ್ಟಿ ಹಿಡಿದು, ಮಾಸ್ಕೊ ಬಳಿಯ ಕ್ರಾಸ್ನೊಗೊರ್ಸ್ಕ್ ಸಂಗ್ರಹಾಲಯದಲ್ಲಿ ಚದುರಿದ್ದ ತುಣುಕುಗಳನ್ನು ಸರದಿಗೆ ಜೋಡಿಸಿದ ಮೇಲೆ 2018ರಲ್ಲಿ ಚಿತ್ರ ಮತ್ತೆ ತೆರೆ ಕಂಡಿತು. ಫಿಲ್ಮು ಚೂರಾದರೂ ಕಾಗದ ಅದನ್ನು ಮರಳಿ ಕಟ್ಟಿಸಿತು.

ರಷ್ಯಾದ ಸಂಕಲನಕಾರ್ತಿ ಎಸ್ಫಿರ್ ಶುಬ್ ಅವರ ಕೆಲಸ ಇನ್ನೂ ಹೆಚ್ಚು ಕಲಿಸುತ್ತದೆ. 1927ರ ‘ರೊಮಾನೊವ್ ವಂಶದ ಪತನ’ಕ್ಕೆ ಅವರು ಒಂದು ಅಡಿಯನ್ನೂ ನಾಟಕವಾಗಿ ತೆಗೆಯಲಿಲ್ಲ. ಲೆನಿನ್‌ಗ್ರಾಡಿನ (ಪೆಟ್ರೊಗ್ರಾಡಿನ ಮುಂದಿನ ಹೆಸರು) ತೇವದ ನೆಲಮಾಳಿಗೆಗಳಲ್ಲಿ ಬಿದ್ದಿದ್ದ ಡಬ್ಬಿಗಳನ್ನು ತೆಗೆದು ಸುಮಾರು 60,000 ಮೀಟರ್ ನೋಡಿದರು. ಸೆಕೆಂಡಿಗೆ 16 ಫ್ರೇಮಿನಂತೆ ಓಡಿಸಿದರೆ ಇದು 54 ಗಂಟೆಗೂ ಮೀರುತ್ತದೆ. ಅದರಲ್ಲಿ 5,200 ಮೀಟರ್ ಆರಿಸಿ, ಕೊನೆಗೆ ಚಿತ್ರಕ್ಕೆ ಬಳಸಿದ್ದು 1,500 ಮೀಟರ್. ಅದರಲ್ಲಿ ಜಾರ್ ಚಕ್ರವರ್ತಿಯ ಸ್ವಂತ ಛಾಯಾಗ್ರಾಹಕರು ಮನೆಯವರ ಸಂತೋಷಕ್ಕೆಂದು ತೆಗೆದ ಸುರುಳಿಗಳೂ ಇದ್ದವು. ಹಡಗಿನ ಮೇಲೆ ರಾಜಮನೆತನದವರು ಕುಣಿದು ಬೆವರೊರೆಸಿಕೊಳ್ಳುವ ದೃಶ್ಯದ ಪಕ್ಕ ಹೊಲದಲ್ಲಿ ಬೆವರೊರೆಸಿಕೊಳ್ಳುವ ರೈತನನ್ನಿಟ್ಟರು. ಎರಡೂ ದೃಶ್ಯ ನಿಜ. ಪಕ್ಕಪಕ್ಕ ಇಟ್ಟದ್ದು ಮಾತ್ರ ಶುಬ್ ಅವರ ವಾದ. ಸಾಕ್ಷ್ಯಚಿತ್ರ ನೋಡುವಾಗ ಈ ಎರಡನ್ನೂ ಬೇರೆಬೇರೆಯಾಗಿ ಇಟ್ಟುಕೊಳ್ಳಬೇಕು. ದೃಶ್ಯಕ್ಕೆ ದಿನಾಂಕ ಕೇಳಬೇಕು, ಜೋಡಣೆಗೆ ಜೋಡಿಸಿದವರ ಹೆಸರು ಕೇಳಬೇಕು.

ನಮ್ಮ ದೇಶದ ಕತೆ ಹೆಚ್ಚು ನೋವಿನದು. ವಂಗಭಂಗದ ವಿರುದ್ಧ 1905ರ ಸೆಪ್ಟೆಂಬರ್ 22ರಂದು ಕಲ್ಕತ್ತಾದ ಟೌನ್ ಹಾಲಿನಲ್ಲಿ ಸೇರಿದ ಸಭೆಯನ್ನು ಹೀರಾಲಾಲ್ ಸೇನ್ ಚಿತ್ರಿಸಿದರು. 1917ರ ಗೋದಾಮಿನ ಬೆಂಕಿಯಲ್ಲಿ ಅವರ ಚಿತ್ರಗಳೆಲ್ಲ ಸುಟ್ಟುಹೋದವು. 1930ರ ಉಪ್ಪಿನ ಸತ್ಯಾಗ್ರಹದ ಯಾತ್ರೆ ಆ ಕಾಲದ ಕ್ಯಾಮೆರಾಕ್ಕೆ ಹೇಳಿ ಮಾಡಿಸಿದಂತಿತ್ತು: ದಾರಿ ಗೊತ್ತು, ದಿನ ಗೊತ್ತು, ಹಗಲು ನಡಿಗೆ. ದೇಶೀ ಕಂಪನಿಗಳು ತೆಗೆದವು, ಬ್ರಿಟಿಷ್ ಸರ್ಕಾರ ನಿಷೇಧ ಹೇರಿತು. ಅಷ್ಟೆಲ್ಲ ಕ್ಯಾಮೆರಾಗಳಿದ್ದೂ ಗಾಂಧೀಜಿ ಬಗ್ಗಿ ಉಪ್ಪು ಹೆಕ್ಕುವ ಪ್ರಸಿದ್ಧ ಫೋಟೊದ ಅಡಿಬರಹ ಇವತ್ತಿಗೂ ತಪ್ಪಾಗಿಯೇ ಅಚ್ಚಾಗುತ್ತದೆ. ಅದು ಏಪ್ರಿಲ್ 6ರ ದಂಡಿಯದಲ್ಲ, ಏಪ್ರಿಲ್ 9ರ ಭೀಮರಾಡ್‌ನದು. ಆ ಯಾತ್ರೆಯಲ್ಲಿ ನಡೆದವರಲ್ಲಿ ನಮ್ಮ ಪಕ್ಕದ ಹಾವೇರಿ ಜಿಲ್ಲೆಯ ಮೋಟೆಬೆನ್ನೂರಿನ ಮೈಲಾರ ಮಹಾದೇವಪ್ಪನವರಿದ್ದರು. ಅವರ ಮುಖವನ್ನು ಆ ಸುರುಳಿಗಳಲ್ಲಿ ಹುಡುಕುವವರು ಯಂತ್ರ ಚೊಕ್ಕಟ ಮಾಡಿದ ಪ್ರತಿಯನ್ನು ಬಿಟ್ಟು ಮೂಲ ಸ್ಕ್ಯಾನನ್ನೇ ನೋಡಬೇಕು. ಎ.ಕೆ. ಚೆಟ್ಟಿಯಾರ್ 1940ರಲ್ಲಿ ತೆರೆ ಕಂಡ ಗಾಂಧೀಜಿ ಕುರಿತ ಸಾಕ್ಷ್ಯಚಿತ್ರಕ್ಕೆ ದೇಶವಿದೇಶ ಅಲೆದು 50,000 ಅಡಿ ಕೂಡಿಸಿದರು. ವಿಚಿತ್ರವೆಂದರೆ ಸರ್ಕಾರಿ ಸುದ್ದಿಚಿತ್ರ ವಿಭಾಗವನ್ನು 1946ರಲ್ಲಿ ಮುಚ್ಚಿದ್ದರಿಂದ 1947ರ ಆಗಸ್ಟ್ 15ರಂದು ಸರ್ಕಾರದ್ದೆಂಬ ಒಂದು ಚಿತ್ರ ಘಟಕವೂ ಇರಲಿಲ್ಲ. ಅಂದಿನ ದೃಶ್ಯಗಳಿಗೆ ಖಾಸಗಿಯವರನ್ನು, ವಿದೇಶಿ ಕಂಪನಿಗಳನ್ನು ನೆನೆಯಬೇಕು. ಫಿಲ್ಮ್ಸ್ ಡಿವಿಷನ್ ಬಂದದ್ದು 1948ಕ್ಕೆ.

ಈಗ ನಮ್ಮೂರಿಗೆ. 1939ರಲ್ಲಿ ಎಸ್. ನಿಜಲಿಂಗಪ್ಪನವರ ಮುಂದಾಳತ್ವದಲ್ಲಿ ಈಚಲು ಮರ ಕಡಿದು ಕಾನೂನು ಮುರಿದ ತುರುವನೂರಿನ ಅರಣ್ಯ ಸತ್ಯಾಗ್ರಹ, 1942ರ ದಾವಣಗೆರೆಯ ಗೋಲಿಬಾರು, ಇವನ್ನು ಶಾಲೆ ಕಾಲೇಜುಗಳ ಮಕ್ಕಳು ರೂಪಕ ಮಾಡಿ ಆಡುವುದು ಒಳ್ಳೆಯದೇ. ತೊಂದರೆ ಶುರುವಾಗುವುದು ಅದನ್ನು ಮೊಬೈಲಿನಲ್ಲಿ ತೆಗೆದು, ಆ್ಯಪಿನಿಂದ ಕಪ್ಪು-ಬಿಳುಪು ಮಾಡಿ, ಗೀರು ಧೂಳು ಉದುರಿಸಿ, ‘ಅಪರೂಪದ ದೃಶ್ಯ’ ಎಂದು ವಾಟ್ಸ್‌ಆ್ಯಪಿನಲ್ಲಿ ಹರಿಯಬಿಟ್ಟಾಗ. ಎವ್ರೆಯಿನೊವ್ ರೂಪಕದ ಫೋಟೊಗೆ ಆದದ್ದು ಇದೇ. ಬಣ್ಣ ತೆಗೆದ ಹೊಸ ವಿಡಿಯೊವನ್ನು ಪತ್ತೆ ಹಚ್ಚಲು ಗೀರು ನೋಡಿ: ಆ್ಯಪಿನ ಧೂಳು ಕೆಲವು ಸೆಕೆಂಡಿಗೊಮ್ಮೆ ಅದೇ ಜಾಗಕ್ಕೆ ಅದೇ ಆಕಾರದಲ್ಲಿ ಮರಳುತ್ತದೆ. ನಿಜವಾದ ಫಿಲ್ಮಿನ ಗೀರು ಪ್ರೊಜೆಕ್ಟರಿನ ಉಜ್ಜಾಟದಿಂದ ಆದದ್ದು. ಉದ್ದುದ್ದ ಎಳೆಯಂತೆ ಬಹಳ ಹೊತ್ತು ಇದ್ದು, ಸ್ವಲ್ಪ ಸ್ವಲ್ಪವೇ ಪಕ್ಕಕ್ಕೆ ಸರಿಯುತ್ತದೆ, ಅಂಟು ಹಾಕಿದ ಜಾಗ ಬಂದಾಗ ಒಮ್ಮೆಲೇ ಬದಲಾಗುತ್ತದೆ. ರೂಪಕ ತೆಗೆಯುವವರು ಮೊದಲ ಐದು ಸೆಕೆಂಡು ಒಂದು ಹಲಗೆ ಹಿಡಿದು ತೋರಿಸಲಿ: ಇದು ರೂಪಕ, ಯಾವ ಘಟನೆ, ಆಡಿದ್ದು ಯಾವ ದಿನ, ಎಲ್ಲಿ, ಯಾರು. ಅಷ್ಟೇ ಸಾಲದು. ಮುಂದೆ ಕಳಿಸುವವರು ಮೊದಲು ಕತ್ತರಿಸುವುದೇ ಆ ಐದು ಸೆಕೆಂಡನ್ನು. ಆದ್ದರಿಂದ ‘ರೂಪಕ’ ಎಂಬ ಪದ ಮತ್ತು ವರ್ಷ ಚೌಕಟ್ಟಿನ ಒಳಗೆ, ಮೂಲೆಯಲ್ಲಲ್ಲ, ಜನರ ಮೈಮೇಲೆ ತುಸು ಹಾಯುವಂತೆ ಕೊನೆಯವರೆಗೂ ಇರಬೇಕು. ಮೂಲೆಯಲ್ಲಿದ್ದರೆ ಚೌಕಟ್ಟು ಚಿಕ್ಕದು ಮಾಡಿ ತೆಗೆದುಬಿಡುತ್ತಾರೆ.

ಕೊನೆಯದಾಗಿ ಮನೆಗಳ ಅಟ್ಟದ ಮೇಲಿರಬಹುದಾದ ಸುರುಳಿಗಳು. ಕೊಡಾಕ್ ಕಂಪನಿಯ 16 ಎಂಎಂ ಬಂದದ್ದು 1923ರಲ್ಲಿ, 8 ಎಂಎಂ 1932ರಲ್ಲಿ, ಸೂಪರ್ 8 ಬಂದದ್ದು 1965ರಲ್ಲಿ. ಮಂಡಿಪೇಟೆಯ ವರ್ತಕರ ಮನೆಯಲ್ಲೋ ಗಿರಣಿಯವರ ಮನೆಯಲ್ಲೋ ಚಿತ್ರದುರ್ಗದ ಹಳೆಯ ವಕೀಲರ ಮನೆಯಲ್ಲೋ ಮದುವೆ ಸುರುಳಿಯೆಂದು ಇಟ್ಟದ್ದರ ಕೊನೆಯ ಇಪ್ಪತ್ತು ಅಡಿಯಲ್ಲಿ ಬೀದಿಯ ಮೆರವಣಿಗೆ ಇರಬಾರದೆಂದೇನಿಲ್ಲ. ದುಬಾರಿ ಫಿಲ್ಮು ಉಳಿದರೆ ಯಾರೂ ಬಿಸಾಡುತ್ತಿರಲಿಲ್ಲ, ಕಂಡದ್ದನ್ನು ತೆಗೆದು ಮುಗಿಸುತ್ತಿದ್ದರು. ಫಿಲ್ಮಿನಲ್ಲಿರುವ ಬೆಳ್ಳಿಯ ಆಸೆಗೆ ಗುಜರಿಗೆ ಹಾಕುವ ಮುನ್ನ ಇಷ್ಟು ಮಾಡಿ.

ಡಬ್ಬಿ ತೆರೆಯುವ ಮೊದಲು ಮುಚ್ಚಳದ ಬರಹ, ಒಳಗಿನ ಚೀಟಿ, ಅಂಗಡಿಯ ರಸೀತಿ ಎಲ್ಲದರ ಫೋಟೊ ತೆಗೆಯಿರಿ. ಪ್ರೊಜೆಕ್ಟರಿಗೆ ಹಾಕಬೇಡಿ. ಹಳೆಯ ಫಿಲ್ಮು ಕುಗ್ಗಿರುತ್ತದೆ, ಹಲ್ಲು ಸಿಕ್ಕಿ ತೂತುಗಳೆಲ್ಲ ಹರಿದುಹೋಗುತ್ತವೆ. ಕುಗ್ಗಿದ್ದು ಎಷ್ಟೆಂದು ಅಳೆಯಲು 16 ಎಂಎಂ ಫಿಲ್ಮನ್ನು ಎಳೆಯದೆ ಮೇಜಿನ ಮೇಲೆ ಚಪ್ಪಟೆಯಾಗಿ ಹಾಸಿ, ಒಂದು ತೂತಿನ ಅಂಚಿನಿಂದ ಮುಂದಿನ ನೂರನೇ ತೂತಿನ ಅದೇ ಅಂಚಿನವರೆಗೆ ಅಳೆಯಿರಿ. ಹೊಸದರಲ್ಲಿ ಇದು 760ರಿಂದ 762 ಮಿಲಿಮೀಟರ್. 754ಕ್ಕಿಂತ ಕಡಿಮೆ ಬಂದರೆ ಶೇ 1 ಮೀರಿ ಕುಗ್ಗಿದೆ. ಹಲ್ಲಿಲ್ಲದ ರೋಲರಿನ ಸ್ಕ್ಯಾನರಿನಲ್ಲೇ ಓಡಿಸಬೇಕು. ವಿನೆಗರಿನ ಹುಳಿ ವಾಸನೆ ಬಂದರೆ ಅಸಿಟೇಟ್ (ಫಿಲ್ಮಿನ ಪ್ಲಾಸ್ಟಿಕ್ ತಳ) ಕೊಳೆಯಲು ತೊಡಗಿದೆ. ಅದನ್ನು ಬೇರೆ ಸುರುಳಿಗಳಿಂದ ದೂರವಿಡಿ, ಆ ಹಬೆ ಉಳಿದವಕ್ಕೂ ತಗಲುತ್ತದೆ. ಪ್ಲಾಸ್ಟಿಕ್ ಚೀಲದಲ್ಲಿ ಬಿಗಿದು ಕಟ್ಟಬೇಡಿ. ತಗಡಿನ ಸೂರಿನ ಕೆಳಗಿನ ಅಟ್ಟಕ್ಕಿಂತ ನೆಲದ ಕೋಣೆಯ ಒಣ ಬೀರು ಮೇಲು.

ಫಿಲ್ಮಿನ ಅಂಚಿನ ಬರಹವನ್ನು ಭೂತಗನ್ನಡಿಯಲ್ಲಿ ಓದಿ. ಕೊಡಾಕ್ ಫಿಲ್ಮಿನ ಅಂಚಿನಲ್ಲಿ ವೃತ್ತ, ಚೌಕ, ತ್ರಿಕೋನದ ಗುರುತುಗಳಿರುತ್ತವೆ. ಅವು ಫಿಲ್ಮು ತಯಾರಾದ ವರ್ಷ ಹೇಳುತ್ತವೆ. ಆದರೆ ಅದೇ ಗುರುತು 20 ವರ್ಷಕ್ಕೊಮ್ಮೆ ಮರಳುತ್ತದೆ. 1937 ಎಂದುಕೊಂಡದ್ದು 1957 ಆಗಿರಬಹುದು. ಪ್ರಿಂಟಿನಲ್ಲಿ ಕಪ್ಪು ಅಕ್ಷರದಲ್ಲಿರುವುದು ಆ ಪ್ರಿಂಟಿನದೇ ಗುರುತು. ಕಪ್ಪು ಅಂಚಿನಲ್ಲಿ ಬಿಳಿಯಾಗಿ ಕಾಣುವುದು ಮೂಲ ನೆಗೆಟಿವಿನಿಂದ ನಕಲಾಗಿ ಬಂದದ್ದು. ಎರಡೂ ಇದ್ದರೆ ಎರಡನ್ನೂ ಬರೆದಿಡಿ, ಚಿತ್ರ ತೆಗೆದದ್ದು ಯಾವಾಗ, ಪ್ರತಿ ಮಾಡಿದ್ದು ಯಾವಾಗ ಎಂದು ಅದರಿಂದಲೇ ಗೊತ್ತಾಗುತ್ತದೆ.

ಸ್ಕ್ಯಾನು ಮಾಡಿಸುವಾಗ ಚೌಕಟ್ಟಿನಾಚೆಯ ತೂತು, ಅಂಚು ಎಲ್ಲ ಸೇರಿ ಬರಲಿ ಎಂದು ಹೇಳಿ. ವೇಗ 16 ಅಥವಾ 18ರಲ್ಲೇ ಇರಲಿ, ಸದ್ದು ಬೇಡ, ಬಣ್ಣ ಬೇಡ, ‘ಚೊಕ್ಕಟ’ ಬೇಡ. 16 ಎಂಎಂನ 400 ಅಡಿ ಎಂದರೆ 16,000 ಫ್ರೇಮು; 2ಕೆ ಅಳತೆಯಲ್ಲಿ ಸಂಕೋಚನವಿಲ್ಲದೆ ಇಟ್ಟರೆ ಸುಮಾರು 200 ಗಿಗಾಬೈಟ್ ಆಗುತ್ತದೆ, ಡಿಸ್ಕ್ ಅದಕ್ಕೆ ತಕ್ಕಂತೆ ತನ್ನಿ. ಎರಡು ಪ್ರತಿ ಮಾಡಿ ಎರಡು ಮನೆಯಲ್ಲಿಡಿ. ಸ್ಕ್ಯಾನು ಆಯಿತೆಂದು ಮೂಲ ಸುರುಳಿಯನ್ನು ಎಸೆಯಬೇಡಿ.

35 ಎಂಎಂ ಸುರುಳಿ ಸಿಕ್ಕರೆ ಮಾತ್ರ ಎಚ್ಚರ. 1951ಕ್ಕಿಂತ ಹಿಂದಿನ 35 ಎಂಎಂ ಬಹುಪಾಲು ನೈಟ್ರೇಟ್, ಅಂದರೆ ಬೇಗ ಹೊತ್ತಿಕೊಳ್ಳುವ ತಳದ ಫಿಲ್ಮು. ಅಂಚಿನಲ್ಲಿ ‘ಸೇಫ್ಟಿ’ (ಸುಲಭವಾಗಿ ಹೊತ್ತದ ಫಿಲ್ಮು) ಎಂದಿದೆಯೇ ನೋಡಿ, ಅದೂ ಕಪ್ಪು ಅಕ್ಷರದ್ದೇ ಆಗಿರಲಿ. ಚಿತ್ರ ಮಾಸಿ ಕಂದಾಗಿದ್ದರೆ, ಅಂಟಂಟಾಗಿ ನೊರೆ ಬಂದಿದ್ದರೆ, ಕಂದು ಪುಡಿ ಉದುರಿದರೆ ನೈಟ್ರೇಟ್ ಕೊಳೆತಿದೆ. ಹಾಗೆ ಕೊಳೆತದ್ದು ಮುಚ್ಚಿದ ಡಬ್ಬಿಯಲ್ಲಿ ಬಹಳ ದಿನ 41 ಡಿಗ್ರಿಯ ಸುತ್ತಿನ ಶಾಖದಲ್ಲಿದ್ದರೆ ತಾನೇ ಹೊತ್ತಿಕೊಳ್ಳಬಲ್ಲದು. ನಮ್ಮ ಏಪ್ರಿಲ್ ಬಿಸಿಲಿಗೆ ತಗಡಿನ ಸೂರಿನಡಿ ಅಷ್ಟು ಶಾಖ ದೊಡ್ಡದೇನಲ್ಲ. ಉರಿಯಲು ಬೇಕಾದ ಆಮ್ಲಜನಕ ಅದರೊಳಗೇ ಇರುವುದರಿಂದ ನೀರು ಸುರಿದರೂ ಆರದು. 2003ರಲ್ಲಿ ಪುಣೆಯಲ್ಲಿ ನಮ್ಮ ಮೂಕಿ ಕಾಲದ ಎಷ್ಟೋ ಸುರುಳಿಗಳು ಹೋದದ್ದು ನೈಟ್ರೇಟ್ ಬೆಂಕಿಯಲ್ಲೇ. ಪರೀಕ್ಷೆಗೆಂದು ತುಂಡು ಕತ್ತರಿಸಿ ಬೆಂಕಿ ಹಚ್ಚಬೇಡಿ. ಡಬ್ಬಿಯನ್ನು ನೆರಳಿಗೆ, ಮನೆಯಿಂದ ಹೊರಗಿನ ಗಾಳಿಯಾಡುವ ಜಾಗಕ್ಕೆ ಸರಿಸಿ, ಅಂಚಿನ ಫೋಟೊ ಮತ್ತು ಸುರುಳಿಯ ಅಡ್ಡಳತೆ ಬರೆದು ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೋ ಮುಂಬೈಯ ಫಿಲ್ಮ್ ಹೆರಿಟೇಜ್ ಫೌಂಡೇಶನ್ನಿಗೋ ಮೊದಲು ಪತ್ರ ಹಾಕಿ. ಕೊಡುವಾಗ ಮಾಲೀಕತ್ವ ಯಾರದು, ಡಿಜಿಟಲ್ ಪ್ರತಿ ನಿಮಗೆ ಬರುತ್ತದೆಯೇ ಎಂಬುದನ್ನು ಬರಹದಲ್ಲಿ ಪಡೆಯಿರಿ. ನೈಟ್ರೇಟ್ ಸುರುಳಿಯನ್ನು ಬಸ್ಸಿನ ಪಾರ್ಸೆಲ್ಲಿಗಾಗಲಿ ಕೊರಿಯರಿಗಾಗಲಿ ಕೊಡಬೇಡಿ. ಅವರ ಉತ್ತರ ಬರುವವರೆಗೆ ಅದು ಆ ನೆರಳಿನ ಜಾಗದಲ್ಲೇ ಇರಲಿ.

ಇತಿ,
ಫಿಲ್ಮ್ ಸಂಕಲನ ಮತ್ತು ಹಳೆಯ ಸುರುಳಿಗಳ ಕೆಲಸದಲ್ಲಿರುವ ಓದುಗರು,
ದಾವಣಗೆರೆ